ಕಣ್ಮುಚ್ಚಿ ತೆರೆಯುವಷ್ಟರಲ್ಲಿ ಊರು ಮುಟ್ಟಬಹುದೇ? ಒಂದು ಮಾಯಾಶಾಲೆಯ ಪಾಠಗಳು

ಮಕ್ಕಳೇ, ಮಳೆಗಾಲದಲ್ಲಿ ಕೃಷ್ಣಾ ಹೊಳೆ ತುಂಬಿ ಬಂದಾಗ ಕುಡಚಿ ಮತ್ತು ಉಗಾರದ ನಡುವಿನ ಸೇತುವೆ ಮುಳುಗುವುದನ್ನು ನಿಮ್ಮಲ್ಲಿ ಕೆಲವರು ಕಂಡಿರುತ್ತೀರಿ. ಈ ದಂಡೆ ರಾಯಬಾಗ ತಾಲೂಕು, ಆ ದಂಡೆ ಕಾಗವಾಡ ತಾಲೂಕು. ಚಿಕ್ಕೋಡಿ ತಾಲೂಕಿನವರಿಗೆ ಕಲ್ಲೋಳ–ಯಡೂರ ಬಾಂದಾರ, ನಿಪ್ಪಾಣಿ ಕಡೆಯವರಿಗೆ ಕಾರದಗಾ–ಭೋಜ ಬಾಂದಾರ ಹೀಗೆಯೇ ಗೊತ್ತು. ನೀರು ಮೇಲೆ ಹರಿಯತೊಡಗಿದರೆ ಮುಗಿಯಿತು. ಆಚೆ ದಂಡೆಯ ಮನೆಗಳು ಕಣ್ಣಿಗೆ ಕಾಣುತ್ತಿರುತ್ತವೆ, ಅಲ್ಲಿನ ನಾಯಿ ಬೊಗಳುವುದೂ ಕೇಳುತ್ತದೆ. ಆದರೆ ಅಲ್ಲಿಗೆ ಹೋಗಬೇಕಾದರೆ ಊರೂರು ಸುತ್ತಿ ಬರಬೇಕು. ಆಗ ಯಾರಿಗಾದರೂ ಅನಿಸುತ್ತದೆ: ಕಣ್ಣು ಮುಚ್ಚಿ ತೆರೆಯುವಷ್ಟರಲ್ಲಿ ಆಚೆ ದಂಡೆಯಲ್ಲಿ ಇರುವಂತಿದ್ದರೆ!

ಈ ಆಸೆ ಬಹಳ ಹಳೆಯದು. ಕಾಶ್ಮೀರದ ಸೋಮದೇವ ಎಂಬ ಕವಿ 11ನೇ ಶತಮಾನದಲ್ಲಿ ಸಂಸ್ಕೃತದಲ್ಲಿ ಬರೆದ ‘ಕಥಾಸರಿತ್ಸಾಗರ’ದಲ್ಲಿ ಪುತ್ರಕ ಎಂಬುವನ ಕತೆ ಇದೆ. ಕಾಡಿನಲ್ಲಿ ಇಬ್ಬರು ಅಸುರರ ಮಕ್ಕಳು ತಂದೆಯ ಆಸ್ತಿಗಾಗಿ ಜಗಳವಾಡುತ್ತಿರುತ್ತಾರೆ. ಆಸ್ತಿ ಎಂದರೆ ಮೂರೇ ವಸ್ತುಗಳು: ಬೇಡಿದ ಊಟ ಕೊಡುವ ಪಾತ್ರೆ, ಬರೆದದ್ದನ್ನು ನಿಜ ಮಾಡುವ ಕೋಲು, ಆಕಾಶದಲ್ಲಿ ಹಾರಿಸುವ ಪಾದುಕೆ. “ಇದಕ್ಕೇಕೆ ಹೊಡೆದಾಟ? ಓಡಿ, ಗೆದ್ದವನು ಎಲ್ಲವನ್ನೂ ತೆಗೆದುಕೊಳ್ಳಲಿ” ಎನ್ನುತ್ತಾನೆ ಪುತ್ರಕ. ಅವರು ಓಡಿದ್ದೇ ತಡ, ಪಾದುಕೆ ಮೆಟ್ಟಿ, ಕೋಲು ಪಾತ್ರೆ ಹಿಡಿದು ಹಾರಿಯೇಬಿಡುತ್ತಾನೆ! ಆದರೆ ಗಮನಿಸಿ, ಆ ಪಾದುಕೆಗೂ ಹಾರುವ ಹೊತ್ತು ಬೇಕಿತ್ತು. ನಮಗೆ ಬೇಕಾಗಿರುವುದು ಅದಕ್ಕಿಂತ ದೊಡ್ಡದು. ಇಲ್ಲಿ ಮಾಯವಾಗಬೇಕು, ಅಲ್ಲಿ ಪ್ರತ್ಯಕ್ಷವಾಗಬೇಕು, ನಡುವೆ ಹೊತ್ತೇ ಕಳೆಯಬಾರದು.

ಇಂಥ ವಿದ್ಯೆಯನ್ನು ಕಲಿಸುವ ಒಂದು ಮಾಯಾಶಾಲೆ ಇದೆ ಎಂದು ಊಹಿಸಿಕೊಳ್ಳೋಣ. ಅದು ನಿಪ್ಪಾಣಿಯ ಹೊರಗೆ ಒಂದು ಆಲದ ಮರದ ಕೆಳಗೆ ನಡೆಯುತ್ತದೆ. ನೀವು ಹೆಸರು ಹಚ್ಚಿದ್ದೀರಿ. ಅಥಣಿಗೆ ಕ್ಷಣದಲ್ಲಿ ಕಳಿಸುವುದು ಮೊದಲ ಪರೀಕ್ಷೆ. ಗುರುಗಳು ಮಂತ್ರ ಹೇಳಿಕೊಡಲಿ, ತಕರಾರಿಲ್ಲ. ನಾವು ಮಾತ್ರ ಹಿಂದಿನ ಸಾಲಿನಲ್ಲಿ ಕುಳಿತು ವಿಜ್ಞಾನದ ಪ್ರಶ್ನೆಗಳನ್ನು ಕೇಳುತ್ತಾ ಹೋಗೋಣ.

ಕಳಚಿ ಕಟ್ಟುವ ಪಾಠ

“ನಿನ್ನನ್ನು ಇಲ್ಲಿ ಪುಡಿಪುಡಿ ಮಾಡಿ ಅಲ್ಲಿ ಮತ್ತೆ ಜೋಡಿಸುತ್ತೇನೆ” ಎನ್ನುತ್ತಾರೆ ಗುರುಗಳು. ಕೇಳಲು ಹೆದರಿಕೆಯಾದರೂ ಇದು ಪೂರಾ ಹುಚ್ಚು ಮಾತಲ್ಲ. ನಮ್ಮ ದೇಹ ಪರಮಾಣುಗಳಿಂದ ಆಗಿದೆ. ಅದರಲ್ಲಿ ಹೆಚ್ಚಿನ ಪಾಲು ನೀರು. ನೀರಿನ ಒಂದು ಅಣುವಿನಲ್ಲಿ ಎರಡು ಹೈಡ್ರೋಜನ್, ಒಂದು ಆಕ್ಸಿಜನ್ ಪರಮಾಣು. ನಿಪ್ಪಾಣಿಯ ಆಕ್ಸಿಜನ್ ಪರಮಾಣುವಿಗೂ ಅಥಣಿಯ ಆಕ್ಸಿಜನ್ ಪರಮಾಣುವಿಗೂ ಗುಣದಲ್ಲಿ ಏನೂ ವ್ಯತ್ಯಾಸವಿಲ್ಲ. ಆದ್ದರಿಂದ ಪರಮಾಣುಗಳನ್ನು ಹೊತ್ತೊಯ್ಯುವ ಅಗತ್ಯವೇ ಇಲ್ಲ! ಯಾವುದು ಎಲ್ಲಿದೆ ಎಂಬ ನಕ್ಷೆಯನ್ನು ಕಳಿಸಿದರೆ ಸಾಕು. ಮನೆ ಕಟ್ಟುವವರು ಇಟ್ಟಿಗೆಯನ್ನು ಆ ಊರಿನಲ್ಲೇ ಕೊಳ್ಳುವುದಿಲ್ಲವೇ? ಹಾಗೆ.

ಆದರೆ ನಕ್ಷೆ ಎಷ್ಟು ದೊಡ್ಡದು? 35 ಕಿಲೋಗ್ರಾಂ ತೂಕದ ಒಬ್ಬ ಹುಡುಗಿಯ ದೇಹದಲ್ಲಿ ಎಷ್ಟು ಪರಮಾಣುಗಳಿವೆ ಗೊತ್ತೇ? 35 ಬರೆದು ಅದರ ಮುಂದೆ 26 ಸೊನ್ನೆ ಹಾಕಿ, ಸುಮಾರು ಅಷ್ಟು. ಈಗ ಒಂದು ಯಂತ್ರ ಇದೆ ಎನ್ನೋಣ. ಅದು ಒಂದು ಸೆಕೆಂಡಿನಲ್ಲಿ 100 ಕೋಟಿ ಪರಮಾಣುಗಳ ಜಾಗವನ್ನು ಬರೆದುಕೊಳ್ಳುತ್ತದೆ. ಹಗಲು ರಾತ್ರಿ ಬಿಡದೆ ಬರೆದರೂ ಕೆಲಸ ಮುಗಿಯಲು ಸುಮಾರು 11,000 ಕೋಟಿ ವರ್ಷ ಬೇಕು. ನಮ್ಮ ಇಡೀ ವಿಶ್ವದ ವಯಸ್ಸೇ ಸುಮಾರು 1,380 ಕೋಟಿ ವರ್ಷ. ಅದಕ್ಕಿಂತ ಸಾಮಾನ್ಯ ಬಸ್ಸಿನಲ್ಲಿ ಚಿಕ್ಕೋಡಿಗೆ ಹೋಗಿ, ಅಲ್ಲಿ ಬಸ್ಸು ಬದಲಿಸಿ, ಸೀಟು ಸಿಗದಿದ್ದರೂ ನಿಂತು ಹೋಗುವುದು ಬೇಗ.

ಇನ್ನೊಂದು ತೊಡಕು. ನಕ್ಷೆ ನೋಡಿ ಅಥಣಿಯಲ್ಲಿ ನಿಮ್ಮನ್ನು ಕಟ್ಟಿದರು, ಆದರೆ ನಿಪ್ಪಾಣಿಯಲ್ಲಿದ್ದ ನೀವು ಹಾಗೇ ಉಳಿದುಬಿಟ್ಟರೆ? ಇಬ್ಬರೂ “ನಾನೇ ನಿಜವಾದವನು” ಎನ್ನುತ್ತೀರಿ. ಮನೆಯಲ್ಲಿ ಅವ್ವ ಯಾರಿಗೆ ಊಟಕ್ಕೆ ನೀಡಬೇಕು? ಈ ಪ್ರಶ್ನೆಯನ್ನು ನೆನಪಿಡಿ. ಇದಕ್ಕೆ ವಿಜ್ಞಾನದಲ್ಲಿ ಒಂದು ಅಚ್ಚರಿಯ ಉತ್ತರವಿದೆ, ಮುಂದೆ ಬರುತ್ತದೆ.

ಭೂಮಿ ಸುಮ್ಮನೆ ನಿಂತಿಲ್ಲ

ಗುರುಗಳು ಬಿಡುವುದಿಲ್ಲ. “ಪುಡಿ ಮಾಡುವುದಿಲ್ಲ, ಇಡಿಯಾಗಿಯೇ ಕಳಿಸುತ್ತೇನೆ” ಎನ್ನುತ್ತಾರೆ. ಒಳ್ಳೆಯದು. ಆದರೆ ಕಳಿಸುವ ಮೊದಲು ಅವರು ಒಂದು ಲೆಕ್ಕ ಮಾಡಲೇಬೇಕು, ಇಲ್ಲದಿದ್ದರೆ ಮೂಳೆ ಮುರಿಯುವುದು ಖಚಿತ.

ಓಡುವ ಬಸ್ಸು ತಟ್ಟನೆ ನಿಂತರೆ ನೀವು ಮುಂದಕ್ಕೆ ಮುಗ್ಗರಿಸುತ್ತೀರಿ, ಅಲ್ಲವೇ? ಬಸ್ಸು ನಿಂತರೂ ನಿಮ್ಮ ದೇಹ ಮೊದಲಿನ ವೇಗವನ್ನು ಬಿಟ್ಟುಕೊಡುವುದಿಲ್ಲ. ಇದೇ ಜಡತ್ವ. ಭೂಮಿಯೂ ಒಂದು ಓಡುವ ಬಸ್ಸೇ. ಅದು ತನ್ನ ಅಕ್ಷದ ಸುತ್ತ ಪಶ್ಚಿಮದಿಂದ ಪೂರ್ವಕ್ಕೆ ತಿರುಗುತ್ತಿದೆ. ಭೂಮಧ್ಯರೇಖೆಯ ಮೇಲೆ ನಿಂತವನು ಗಂಟೆಗೆ ಸುಮಾರು 1,670 ಕಿ.ಮೀ. ವೇಗದಲ್ಲಿ ಪೂರ್ವಕ್ಕೆ ಸಾಗುತ್ತಿರುತ್ತಾನೆ. ಧ್ರುವದ ಕಡೆಗೆ ಹೋದಂತೆ ಸುತ್ತುವ ವೃತ್ತ ಚಿಕ್ಕದಾಗುತ್ತದೆ, ವೇಗವೂ ಕಡಿಮೆಯಾಗುತ್ತದೆ. ಚಿಕ್ಕೋಡಿ ಇರುವುದು ಸುಮಾರು ಹದಿನಾರೂವರೆ ಡಿಗ್ರಿ ಉತ್ತರ ಅಕ್ಷಾಂಶದಲ್ಲಿ. ಇಲ್ಲಿ ಬೆಂಚಿನ ಮೇಲೆ ಸುಮ್ಮನೆ ಕುಳಿತ ನೀವು ಗಂಟೆಗೆ ಸುಮಾರು 1,605 ಕಿ.ಮೀ. ವೇಗದಲ್ಲಿದ್ದೀರಿ. ಬೆಂಚು, ಗೋಡೆ, ಗಾಳಿ ಎಲ್ಲವೂ ಅದೇ ವೇಗದಲ್ಲಿರುವುದರಿಂದ ಅದು ಗೊತ್ತಾಗುವುದಿಲ್ಲ ಅಷ್ಟೆ.

ಭೂಪಟ ತೆಗೆದು ನೋಡಿ. ಚಿಕ್ಕೋಡಿಯಿಂದ ಹೆಚ್ಚುಕಡಿಮೆ ನೇರ ಉತ್ತರಕ್ಕೆ ಹೋದರೆ ಸಿಗುವ ದೊಡ್ಡ ಊರು ಕಾಶ್ಮೀರದ ಶ್ರೀನಗರ. ಅದು 34 ಡಿಗ್ರಿ ಅಕ್ಷಾಂಶದಲ್ಲಿದೆ. ಅಲ್ಲಿ ನೆಲದ ವೇಗ ಗಂಟೆಗೆ ಸುಮಾರು 1,385 ಕಿ.ಮೀ. ಮಾಯಾಶಾಲೆ ನಿಮ್ಮನ್ನು ಚಿಕ್ಕೋಡಿಯಿಂದ ಶ್ರೀನಗರಕ್ಕೆ ಕ್ಷಣದಲ್ಲಿ ಕಳಿಸಿದರೆ ಏನಾಗುತ್ತದೆ? ನಿಮ್ಮ ದೇಹಕ್ಕೆ ಚಿಕ್ಕೋಡಿಯ ವೇಗ, ಕಾಲಕೆಳಗಿನ ನೆಲಕ್ಕೆ ಶ್ರೀನಗರದ ವೇಗ. ವ್ಯತ್ಯಾಸ ಗಂಟೆಗೆ 220 ಕಿ.ಮೀ.! ಅಲ್ಲಿ ಪ್ರತ್ಯಕ್ಷವಾದ ಕೂಡಲೇ ಕವಣೆಯ ಕಲ್ಲಿನಂತೆ ಪೂರ್ವ ದಿಕ್ಕಿಗೆ ಎಸೆಯಲ್ಪಡುತ್ತೀರಿ.

“ದೂರದ ಊರು ಬೇಡ, ಪಕ್ಕದ ಅಥಣಿ ಸಾಕು” ಎನ್ನುತ್ತೀರೇನೋ. ಅಲ್ಲೂ ಒಂದು ತಮಾಷೆ ಇದೆ. ಒಂದು ಚೆಂಡಿನ ಮೇಲೆ ನೇರವಾದ ಕಡ್ಡಿಯನ್ನು ಇಡಿ. ತಾಗಿದ ಜಾಗದಲ್ಲಿ ಅದು ಚೆಂಡಿಗೆ ಒರಗಿರುತ್ತದೆ. ಸ್ವಲ್ಪ ಮುಂದೆ ಹೋದರೆ ಚೆಂಡು ಬಾಗುತ್ತದೆ, ಕಡ್ಡಿ ಮೇಲೆ ಉಳಿಯುತ್ತದೆ. ಭೂಮಿಯೂ ಚೆಂಡೇ. ನಿಪ್ಪಾಣಿಯಲ್ಲಿ ನಿಮ್ಮ ವೇಗ ‘ನೇರ ಪೂರ್ವಕ್ಕೆ’ ಇರುತ್ತದೆ. ಆದರೆ ಪೂರ್ವದಲ್ಲಿರುವ ಅಥಣಿಗೆ ಹೋದಾಗ ಅದೇ ದಿಕ್ಕು ಅಲ್ಲಿನ ನೆಲಕ್ಕೆ ತುಸು ಮೇಲ್ಮುಖವಾಗಿರುತ್ತದೆ. ಎರಡೂ ಊರುಗಳ ನಡುವೆ ರೇಖಾಂಶದಲ್ಲಿ ಒಂದು ಡಿಗ್ರಿಯೂ ವ್ಯತ್ಯಾಸವಿಲ್ಲ. ಆದರೂ ನಮ್ಮ ವೇಗ ಅಷ್ಟು ದೊಡ್ಡದಾದ್ದರಿಂದ, ಅಥಣಿಯಲ್ಲಿ ಕಾಣಿಸಿಕೊಂಡವನು ಸುಮಾರು ಒಂದೂಕಾಲು ಮೀಟರ್ ಮೇಲಕ್ಕೆ ಚಿಮ್ಮಿ ಕೆಳಗೆ ಬೀಳುತ್ತಾನೆ. ಅಥಣಿಯಿಂದ ನಿಪ್ಪಾಣಿಗೆ ಮರಳಿದರೆ ಇದಕ್ಕೆ ತಿರುವು ಮುರುವು: ಅಷ್ಟೇ ಎತ್ತರದ ಗೋಡೆಯಿಂದ ಜಿಗಿದವನಂತೆ ದಡ್ ಎಂದು ನೆಲಕ್ಕೆ ಅಪ್ಪಳಿಸುತ್ತಾನೆ. ಮಾಯಾಶಾಲೆಯ ಅಂಗಳದಲ್ಲಿ ಹುಲ್ಲಿನ ಬಣವೆ ಇರಲೇಬೇಕು!

ಹಾಂ, ಗಾಳಿಯನ್ನೂ ಮರೆಯಬಾರದು. ನೀವು ಮಾಯವಾದ ಜಾಗ ಖಾಲಿಯಾಗುತ್ತದೆ, ಸುತ್ತಲಿನ ಗಾಳಿ ಒಮ್ಮೆಲೇ ಅಲ್ಲಿಗೆ ನುಗ್ಗುತ್ತದೆ. ದೊಡ್ಡ ಬಲೂನು ಒಡೆದಂತೆ ಸದ್ದಾಗುತ್ತದೆ. ಕದ್ದು ಶಾಲೆ ತಪ್ಪಿಸಿಕೊಳ್ಳಲು ಈ ವಿದ್ಯೆ ಉಪಯೋಗವಿಲ್ಲ.

ಎಲ್ಲಕ್ಕಿಂತ ಬೇಗ ಓಡುವವರು ಯಾರು?

ಇದು ಮೂರನೆಯ ಪಾಠ. ಇಲ್ಲಿ ಗುರುಗಳಿಗೆ ನಿಜವಾಗಿಯೂ ಸೋಲು.

‘ತಕ್ಷಣ’ ಎಂದರೆ ಹೊತ್ತೇ ಹಿಡಿಯದೆ ಹೋಗುವುದು. ಹಾಗೆ ಹೋಗುವ ವಸ್ತು ಯಾವುದಾದರೂ ಇದೆಯೇ? ಬೆಳಕು ಹಾಗೆ ಹೋಗುತ್ತದೆ ಎಂದು ಬಹಳ ಕಾಲ ಅನೇಕರು ನಂಬಿದ್ದರು. ಇಟಲಿಯ ಗೆಲಿಲಿಯೋ ಇದನ್ನು ಪರೀಕ್ಷಿಸುವ ಒಂದು ಸರಳ ಉಪಾಯವನ್ನು 1638ರಲ್ಲಿ ಪ್ರಕಟವಾದ ತನ್ನ ಪುಸ್ತಕದಲ್ಲಿ ಹೇಳಿದ. ರಾತ್ರಿ ಇಬ್ಬರು ದೂರ ದೂರ ಕಂದೀಲು ಹಿಡಿದು ನಿಲ್ಲಬೇಕು. ಒಬ್ಬ ತನ್ನ ಕಂದೀಲಿನ ಮುಚ್ಚಳ ತೆಗೆದ ಕೂಡಲೇ, ಬೆಳಕು ಕಂಡ ಇನ್ನೊಬ್ಬ ತನ್ನದನ್ನೂ ತೆಗೆಯಬೇಕು. ಮೊದಲಿನವನು ಎಷ್ಟು ಹೊತ್ತಾಯಿತು ಎಂದು ನೋಡಬೇಕು. ಏನೂ ತಿಳಿಯಲಿಲ್ಲ. ಕಂಡು, ಕೈ ಎತ್ತಿ, ಮುಚ್ಚಳ ತೆಗೆಯಲು ಮನುಷ್ಯನಿಗೆ ಹಿಡಿಯುವ ಹೊತ್ತಿನ ಮುಂದೆ ಬೆಳಕಿನ ಹೊತ್ತು ಏನೇನೂ ಅಲ್ಲ. ಈ ಮಾತನ್ನೂ ನೆನಪಿಡಿ, ಮತ್ತೆ ಬೇಕಾಗುತ್ತದೆ.

1676ರಲ್ಲಿ ಡೆನ್ಮಾರ್ಕಿನ ಓಲೆ ರೋಮರ್ ಗುರುಗ್ರಹದ ಉಪಗ್ರಹ ಅಯೋವನ್ನು ಗಮನಿಸಿದ. ಅದು ಗುರುವಿನ ನೆರಳಿನಲ್ಲಿ ಮರೆಯಾಗುವ ಹೊತ್ತು, ಭೂಮಿಯು ಗುರುವಿನಿಂದ ದೂರವಿದ್ದಾಗ ತಡವಾಗಿ ಕಾಣುತ್ತಿತ್ತು. ಬೆಳಕಿಗೆ ಹೆಚ್ಚು ದೂರ ಬರಲು ಹೆಚ್ಚು ಹೊತ್ತು ಬೇಕಾಗುತ್ತದೆ ಎಂದು ಆತ ಸರಿಯಾಗಿ ಊಹಿಸಿದ. ಇಂದು ನಮಗೆ ತಿಳಿದಂತೆ, ಖಾಲಿ ಆಕಾಶದಲ್ಲಿ ಬೆಳಕಿನ ವೇಗ ಸೆಕೆಂಡಿಗೆ 2,99,792 ಕಿ.ಮೀ. ಲೆಕ್ಕಕ್ಕೆ 3 ಲಕ್ಷ ಎಂದಿಟ್ಟುಕೊಳ್ಳಿ. ರೇಡಿಯೋ ತರಂಗಗಳದ್ದೂ ಇದೇ ವೇಗ. 1905ರಲ್ಲಿ ಐನ್‌ಸ್ಟೈನ್ ಮಂಡಿಸಿದ ಸಾಪೇಕ್ಷತಾ ಸಿದ್ಧಾಂತದ ಪ್ರಕಾರ ಯಾವ ವಸ್ತುವೂ, ಯಾವ ಸುದ್ದಿಯೂ ಇದಕ್ಕಿಂತ ಬೇಗ ಹೋಗಲಾರದು. ಇಂದಿನವರೆಗೆ ಇದನ್ನು ಮೀರಿದ ಒಂದೂ ಉದಾಹರಣೆ ಸಿಕ್ಕಿಲ್ಲ.

ನಿಪ್ಪಾಣಿಯಿಂದ ಅಥಣಿಗೆ ನೇರ ಗೆರೆ ಎಳೆದರೆ ಸುಮಾರು 80 ಕಿ.ಮೀ. ಬೆಳಕು ಅದನ್ನು ದಾಟಲು ಸೆಕೆಂಡಿನ 3,700ನೇ ಒಂದು ಭಾಗ ಸಾಕು. ನೀವು ಒಮ್ಮೆ ರೆಪ್ಪೆ ಬಡಿಯಲು ಸೆಕೆಂಡಿನ ಮೂರನೇ ಒಂದು ಭಾಗ ಹಿಡಿದರೆ, ಅಷ್ಟರಲ್ಲಿ ಬೆಳಕು ಒಂದು ಲಕ್ಷ ಕಿ.ಮೀ. ಹೋಗಿರುತ್ತದೆ. ಅಂದರೆ ಭೂಮಿಯನ್ನು ಎರಡು ಸುತ್ತಿಗಿಂತ ಹೆಚ್ಚು ಸುತ್ತುವಷ್ಟು ದೂರ! ಹೀಗಾಗಿ ಭೂಮಿಯ ಮೇಲಿನ ಸುದ್ದಿಗೆ ‘ಕಣ್ಮುಚ್ಚಿ ತೆರೆಯುವಷ್ಟರಲ್ಲಿ’ ಎಂಬ ಮಾತು ಅತಿಶಯೋಕ್ತಿ ಅಲ್ಲವೇ ಅಲ್ಲ.

ಭೂಮಿ ಬಿಟ್ಟು ಹೊರಗೆ ಹೋದರೆ ಕತೆ ಬೇರೆ. ಚಂದ್ರನಿಗೆ ಕಳಿಸಿದ ರೇಡಿಯೋ ಸಂದೇಶ ಮುಟ್ಟಲು 1.3 ಸೆಕೆಂಡು ಬೇಕು. ಸೂರ್ಯನ ಬೆಳಕು ನಮ್ಮನ್ನು ತಲುಪಲು 8 ನಿಮಿಷ 20 ಸೆಕೆಂಡು. ನಮ್ಮ ದೇಶದ ಮಂಗಳಯಾನ ನೌಕೆ 2014ರ ಸೆಪ್ಟೆಂಬರ್ 24ರಂದು ಮಂಗಳನ ಕಕ್ಷೆ ಸೇರಿದಾಗ, ಅಲ್ಲಿಂದ ಬೆಂಗಳೂರಿನ ಇಸ್ರೋ ಕೇಂದ್ರಕ್ಕೆ ಸಂಕೇತ ಬರಲು ಸುಮಾರು 12 ನಿಮಿಷ ಹಿಡಿಯಿತು. ಎಂಜಿನ್ ಸರಿಯಾಗಿ ಉರಿಯಿತೇ ಎಂದು ತಿಳಿಯುವ ಹೊತ್ತಿಗೆ 12 ನಿಮಿಷ ಕಳೆದುಹೋಗಿರುತ್ತಿತ್ತು. ತಿದ್ದುವ ಆಜ್ಞೆ ಮರಳಿ ಹೋಗಲು ಇನ್ನೂ 12 ನಿಮಿಷ. ಆದ್ದರಿಂದ ಮಾಡಬೇಕಾದ್ದನ್ನೆಲ್ಲ ಹಲವು ದಿನ ಮೊದಲೇ ನೌಕೆಯ ಕಂಪ್ಯೂಟರಿಗೆ ಹೇಳಿಕೊಟ್ಟಿದ್ದರು. ಬುತ್ತಿ ಕಟ್ಟಿಕೊಟ್ಟು ಕಳಿಸಿದ ಹಾಗೆ.

ಪ್ರಯೋಗಾಲಯದಲ್ಲಿ ನಿಜವಾಗಿ ನಡೆದದ್ದು

ಹಾಗಾದರೆ ಮಾಯಾಶಾಲೆಯ ವಿದ್ಯೆ ಪೂರಾ ಸುಳ್ಳೇ? ಅಷ್ಟು ಬೇಗ ತೀರ್ಮಾನಿಸಬೇಡಿ. 1993ರಲ್ಲಿ ಆರು ಜನ ವಿಜ್ಞಾನಿಗಳು ಸೇರಿ ಒಂದು ಲೇಖನ ಪ್ರಕಟಿಸಿದರು. ಅತಿ ಸಣ್ಣ ಕಣವೊಂದರ ‘ಸ್ಥಿತಿ’ಯನ್ನು, ಕಣವನ್ನು ಸಾಗಿಸದೆಯೇ, ಇನ್ನೊಂದು ಜಾಗದ ಕಣಕ್ಕೆ ಕೊಡಬಹುದು ಎಂದು ಅವರು ತೋರಿಸಿದರು. ಇದಕ್ಕೆ ಕ್ವಾಂಟಮ್ ಟೆಲಿಪೋರ್ಟೇಶನ್ ಎಂದು ಹೆಸರು. 1997ರಲ್ಲಿ ಆಸ್ಟ್ರಿಯಾದ ಇನ್ಸ್‌ಬ್ರುಕ್‌ನಲ್ಲಿ ಆಂಟನ್ ಝೈಲಿಂಗರ್ ಅವರ ತಂಡ ಬೆಳಕಿನ ಕಣಗಳಾದ ಫೋಟಾನ್‌ಗಳಲ್ಲಿ ಇದನ್ನು ಮಾಡಿ ತೋರಿಸಿತು. 2017ರಲ್ಲಿ ಚೀನಾದ ವಿಜ್ಞಾನಿಗಳು ನೆಲದಿಂದ 1,400 ಕಿ.ಮೀ. ದೂರದವರೆಗೆ ಒಂದು ಉಪಗ್ರಹಕ್ಕೆ ಹೀಗೆ ಫೋಟಾನ್‌ನ ಸ್ಥಿತಿಯನ್ನು ದಾಟಿಸಿದರು.

ಅದು ಹೇಗೆ ನಡೆಯುತ್ತದೆ? ಸ್ಥೂಲವಾಗಿ ಹೀಗೆ. ಮೊದಲು ಎರಡು ಫೋಟಾನ್‌ಗಳನ್ನು ಒಂದಕ್ಕೊಂದು ಹೆಣೆದ ಜೋಡಿಯಾಗಿ ಹುಟ್ಟಿಸುತ್ತಾರೆ. ಒಂದರ ಅಳತೆಗೂ ಇನ್ನೊಂದರ ಅಳತೆಗೂ, ಎಷ್ಟೇ ದೂರವಿದ್ದರೂ, ನಂಟು ಇರುತ್ತದೆ. ಒಂದನ್ನು ಇಲ್ಲಿ ಇಟ್ಟುಕೊಂಡು ಇನ್ನೊಂದನ್ನು ದೂರದ ಊರಿಗೆ ಕಳಿಸುತ್ತಾರೆ. ಈಗ ಯಾವುದರ ಸ್ಥಿತಿಯನ್ನು ಕಳಿಸಬೇಕೋ ಆ ಮೂರನೆಯ ಫೋಟಾನನ್ನು ಇಲ್ಲಿರುವುದರ ಜೊತೆ ಸೇರಿಸಿ ಅಳೆಯುತ್ತಾರೆ. ಬಂದ ಉತ್ತರವನ್ನು ರೇಡಿಯೋ ಅಥವಾ ಫೋನಿನಲ್ಲಿ ದೂರದವರಿಗೆ ತಿಳಿಸುತ್ತಾರೆ. ಅವರು ತಮ್ಮ ಫೋಟಾನನ್ನು ಅದಕ್ಕೆ ತಕ್ಕಂತೆ ತಿರುಗಿಸುತ್ತಾರೆ. ಆಗ ಅದು ಮೂರನೆಯ ಫೋಟಾನಿನ ಸ್ಥಿತಿಯನ್ನೇ ಪಡೆಯುತ್ತದೆ.

ಇದರಲ್ಲಿ ಎರಡು ಸಂಗತಿಗಳು ಮುಖ್ಯ. ಇಲ್ಲಿ ಅಳತೆ ಮಾಡಿದ ಕೂಡಲೇ ಮೂಲ ಫೋಟಾನಿನ ಸ್ಥಿತಿ ಅಳಿಸಿಹೋಗುತ್ತದೆ. ಆದ್ದರಿಂದ ಎರಡು ಪ್ರತಿಗಳು ಉಳಿಯುವುದಿಲ್ಲ. ‘ಇಬ್ಬರು ನಾನು’ ಎಂಬ ತೊಡಕಿಗೆ ನಿಸರ್ಗವೇ ಕೊಟ್ಟ ಉತ್ತರ ಇದು. ಎರಡನೆಯದು, ಆ ಫೋನ್ ಸುದ್ದಿ ಮುಟ್ಟುವವರೆಗೆ ದೂರದವರಿಗೆ ಏನೂ ಸಿಗುವುದಿಲ್ಲ. ಸುದ್ದಿ ಬೆಳಕಿನ ವೇಗ ಮೀರದು, ಹಾಗಾಗಿ ಈ ವಿದ್ಯೆಯೂ ಮೀರದು. ಹೆಣೆದ ಕಣಗಳ ಪ್ರಯೋಗಗಳಿಗಾಗಿ ಅಲೆನ್ ಆಸ್ಪೆ, ಜಾನ್ ಕ್ಲಾಸರ್ ಮತ್ತು ಝೈಲಿಂಗರ್ ಅವರಿಗೆ 2022ರ ಭೌತವಿಜ್ಞಾನದ ನೊಬೆಲ್ ಪ್ರಶಸ್ತಿ ಬಂತು. ಆದರೆ ಮನುಷ್ಯನಿರಲಿ, ಒಂದು ಇರುವೆಯನ್ನೂ ಹೀಗೆ ಕಳಿಸಿದವರಿಲ್ಲ. ಯಾರಾದರೂ ತಾವು ಯೋಗಬಲದಿಂದ ಒಂದೇ ಗಳಿಗೆಯಲ್ಲಿ ಕಾಶಿಗೆ ಹೋಗಿ ಬಂದೆವೆಂದರೆ, 220 ಕಿ.ಮೀ. ವೇಗದ ಲೆಕ್ಕವನ್ನು ವಿನಯದಿಂದ ಕೇಳಿ ನೋಡಿ.

ನೀರಿಗಿಂತ ಮುಂಚೆ ಮುಟ್ಟುವ ಸುದ್ದಿ

ದೇಹ ಹೋಗಲಾರದು, ಸುದ್ದಿ ಹೋಗಬಲ್ಲದು. ನಮ್ಮ ಐದು ತಾಲೂಕುಗಳಲ್ಲಿ ಇದು ಕತೆ ಪುಸ್ತಕದ ಮಾತಲ್ಲ, ಮಳೆಗಾಲದಲ್ಲಿ ಜೀವದ ಮಾತು.

ಕೃಷ್ಣೆ ಹುಟ್ಟುವುದು ಮಹಾರಾಷ್ಟ್ರದ ಮಹಾಬಳೇಶ್ವರದಲ್ಲಿ. ಕರಾಡದಲ್ಲಿ ಕೊಯ್ನಾ ನದಿ, ನರಸೋಬಾವಾಡಿಯಲ್ಲಿ ಪಂಚಗಂಗಾ ಅದನ್ನು ಕೂಡುತ್ತವೆ. ರಾಜಾಪುರ ಬ್ಯಾರೇಜ್ ದಾಟಿ ಅದು ನಮ್ಮ ಕಡೆಗೆ ಬರುತ್ತದೆ. ನಿಪ್ಪಾಣಿ ಭಾಗದ ವೇದಗಂಗಾ ನೀರನ್ನೂ ಕೂಡಿಕೊಂಡ ದೂಧಗಂಗಾ ಚಿಕ್ಕೋಡಿ ತಾಲೂಕಿನ ಕಲ್ಲೋಳದ ಬಳಿ ಕೃಷ್ಣೆಗೆ ಸೇರುತ್ತದೆ. ಮುಂದೆ ರಾಯಬಾಗ, ಕಾಗವಾಡ, ಅಥಣಿ ತಾಲೂಕುಗಳ ದಂಡೆಗಳು. ನಮ್ಮಲ್ಲಿ ಹನಿ ಮಳೆ ಬೀಳದಿದ್ದರೂ ಪಶ್ಚಿಮ ಘಟ್ಟದಲ್ಲಿ ಜೋರು ಮಳೆಯಾಗಿ ಜಲಾಶಯಗಳಿಂದ ನೀರು ಬಿಟ್ಟರೆ ಇಲ್ಲಿ ಹೊಳೆ ಏರುತ್ತದೆ. 2005ರಲ್ಲಿ, 2019ರ ಆಗಸ್ಟ್‌ನಲ್ಲಿ, 2021ರ ಜುಲೈನಲ್ಲಿ ಏನಾಯಿತೆಂದು ಮನೆಯ ಹಿರಿಯರನ್ನು ಕೇಳಿ. 2019ರಲ್ಲಿ ನಿಪ್ಪಾಣಿ ಹತ್ತಿರದ ಯಮಗರ್ಣಿಯ ಬಳಿ ಹೆದ್ದಾರಿಯ ಮೇಲೇ ನೀರು ಬಂದು ಲಾರಿಗಳು ಸಾಲುಗಟ್ಟಿ ನಿಂತಿದ್ದವು. ಹೊಳೆದಂಡೆಯ ಎಷ್ಟೋ ಊರುಗಳ ಜನ ದನಕರು ಹೊಡೆದುಕೊಂಡು, ಮನೆ ಬಿಟ್ಟು ಹೊರಟಿದ್ದರು.

ಆ ದಿನಗಳಲ್ಲಿ ಪತ್ರಿಕೆಯಲ್ಲಿ ‘ಇಷ್ಟು ಕ್ಯುಸೆಕ್ ನೀರು’ ಎಂದು ಓದುತ್ತೇವೆ. ಒಂದು ಕ್ಯುಸೆಕ್ ಎಂದರೆ ಸೆಕೆಂಡಿಗೆ ಒಂದು ಘನ ಅಡಿ, ಅಂದರೆ ಸುಮಾರು 28 ಲೀಟರ್. ಎರಡು ಕೊಡ ನೀರೆನ್ನಿ. ಒಂದು ಲಕ್ಷ ಕ್ಯುಸೆಕ್ ಎಂದರೆ ಪ್ರತಿ ಸೆಕೆಂಡಿಗೆ 28 ಲಕ್ಷ ಲೀಟರ್. 10,000 ಲೀಟರಿನ ಟ್ಯಾಂಕರ್‌ಗಳಾದರೆ ಸೆಕೆಂಡಿಗೆ 280!

ಈಗ ಓಟದ ಪಂದ್ಯ ನೋಡೋಣ. ಒಂದು ಕಡೆ ನೀರು, ಇನ್ನೊಂದು ಕಡೆ ಸುದ್ದಿ. ಲೆಕ್ಕಕ್ಕೆಂದು ಅಣೆಕಟ್ಟಿನಿಂದ ನಿಮ್ಮೂರಿಗೆ ಹೊಳೆಯ ದಾರಿ 200 ಕಿ.ಮೀ., ನೀರಿನ ವೇಗ ಗಂಟೆಗೆ 5 ಕಿ.ಮೀ. ಎಂದು ಹಿಡಿಯಿರಿ. ನೀರು ಬರಲು 40 ಗಂಟೆ. ಸುದ್ದಿ? ಗಾಜಿನ ಎಳೆಯ ಕೇಬಲ್‌ನಲ್ಲಿ ಬೆಳಕು ಸೆಕೆಂಡಿಗೆ ಸುಮಾರು 2 ಲಕ್ಷ ಕಿ.ಮೀ. ಓಡುತ್ತದೆ; ಅಷ್ಟೇ ದೂರಕ್ಕೆ ಸೆಕೆಂಡಿನ ಸಾವಿರದ ಒಂದು ಭಾಗ. ನಡುವಿನ ಯಂತ್ರಗಳ ಕೆಲಸ ಸೇರಿಸಿದರೂ ಒಂದು ಸೆಕೆಂಡಿನೊಳಗೆ ಫೋನಿನ ದನಿ ಕೇಳುತ್ತದೆ. ನಮ್ಮ ದೇಶದಲ್ಲಿ 1850ರಲ್ಲಿ ಓ’ಶಾಗ್ನೆಸ್ಸಿ ಎಂಬ ವೈದ್ಯರು ಕಲ್ಕತ್ತಾದಿಂದ ಡೈಮಂಡ್ ಹಾರ್ಬರ್ ಕಡೆಗೆ ಮೊದಲ ತಂತಿ ಎಳೆಸುವ ಮುಂಚೆ, ಸುದ್ದಿ ಸಾಮಾನ್ಯವಾಗಿ ಕುದುರೆಗಿಂತ ಬೇಗ ಹೋಗುತ್ತಿರಲಿಲ್ಲ. ಹೊಳೆ ಮತ್ತು ಕುದುರೆ ಜಿದ್ದಿಗೆ ಬಿದ್ದು ಓಡುತ್ತಿದ್ದವು. ಆ ತಂತಿಯ ಟೆಲಿಗ್ರಾಂ ಸೇವೆ 2013ರ ಜುಲೈನಲ್ಲಿ ನಿಂತಿತು. ಅದರ ಕೆಲಸವನ್ನು ಫೋನು ವಹಿಸಿಕೊಂಡಿದೆ.

ಅಂದರೆ 40 ಗಂಟೆಗಳಲ್ಲಿ ಹೆಚ್ಚುಕಡಿಮೆ 40 ಗಂಟೆಯೂ ನಮ್ಮ ಕೈಯಲ್ಲಿ ಉಳಿಯಬೇಕು. ಉಳಿಯುತ್ತದೆಯೇ? ಗೆಲಿಲಿಯೋನ ಕಂದೀಲನ್ನು ಈಗ ನೆನಪಿಸಿಕೊಳ್ಳಿ. ಬೆಳಕಿಗೆ ತಡವಾಗಲಿಲ್ಲ, ಕೈಗೆ ತಡವಾಯಿತು. ಅಣೆಕಟ್ಟಿನ ಎಂಜಿನಿಯರು ಜಿಲ್ಲೆಗೆ ತಿಳಿಸಬೇಕು, ಜಿಲ್ಲೆಯಿಂದ ತಾಲೂಕಿಗೆ, ತಾಲೂಕಿನಿಂದ ಗ್ರಾಮ ಪಂಚಾಯಿತಿಗೆ, ಅಲ್ಲಿಂದ ಊರಿನ ಡಂಗುರಕ್ಕೆ. ಊರಿನ ಡಂಗುರ ಹೊಳೆಸಾಲಿನ ತೋಟದ ಮನೆಗೆ ಕೇಳಿಸುವುದಿಲ್ಲ. ಅಲ್ಲಿಗೆ ಕಬ್ಬಿನ ನಡುವಿನ ಕಾಲುದಾರಿಯಲ್ಲಿ ಯಾರಾದರೂ ಹೋಗಬೇಕು. ಫೋನು ಚಾರ್ಜ್ ಇಲ್ಲದೆ ಬಿದ್ದಿರಬಹುದು, ಗಾಳಿಮಳೆಗೆ ಟವರ್ ನಿಂತಿರಬಹುದು. ಒಂದೊಂದು ಕೈಯಲ್ಲಿ ಅರ್ಧ ಗಂಟೆ ತಡವಾದರೆ ಆರು ಕೈಗಳಿಗೆ ಮೂರು ಗಂಟೆ. ಅಷ್ಟರಲ್ಲಿ ನೀರು 15 ಕಿ.ಮೀ. ಮುಂದೆ ಬಂದಿರುತ್ತದೆ. ಎಮ್ಮೆಗಳನ್ನು ಬಿಚ್ಚಿ, ಜೋಳದ ಚೀಲ ಎತ್ತಿಟ್ಟು, ಅಜ್ಜಿಯನ್ನು ಗಾಡಿಯಲ್ಲಿ ಕೂರಿಸಿ, ಶಾಲೆಯ ದಾಖಲೆ ಕಾಗದಗಳನ್ನು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ ಹೊರಡಬೇಕಾದ ಮನೆಗೆ ಮೂರು ಗಂಟೆ ಚಿಕ್ಕದಲ್ಲ.

ಮಾಡಿ ನೋಡಿ

ಇದನ್ನು ನಿಮ್ಮ ತರಗತಿಯಲ್ಲೇ ಅಳೆಯಬಹುದು. ಮೂವತ್ತು ಮಕ್ಕಳು ಕೈ ಕೈ ಹಿಡಿದು ವೃತ್ತವಾಗಿ ನಿಲ್ಲಿ. ಎಲ್ಲರೂ ಕಣ್ಣು ಮುಚ್ಚಿಕೊಳ್ಳಿ. ಗುರುಗಳೋ ಗುರುಮಾತೆಯೋ ಗಡಿಯಾರ ಹಿಡಿದು “ಹೂಂ” ಎಂದಾಗ ಮೊದಲನೆಯವಳು ಎಡಗೈಯಿಂದ ಪಕ್ಕದವನ ಕೈಯನ್ನು ಹಿಸುಕಲಿ. ಅವನು ತನ್ನ ಪಕ್ಕದವಳದನ್ನು. ಹಿಸುಕು ಸುತ್ತಿ ಬಂದು ಮೊದಲನೆಯವಳ ಬಲಗೈಗೆ ಮುಟ್ಟಿದಾಗ ಅವಳು “ಬಂತು” ಎನ್ನಲಿ. ಎಷ್ಟು ಸೆಕೆಂಡಾಯಿತು? ಅದನ್ನು 30ರಿಂದ ಭಾಗಿಸಿ. ಒಬ್ಬೊಬ್ಬರಿಗೆ ಸೆಕೆಂಡಿನ ಐದನೇ ಒಂದು ಭಾಗದ ಆಸುಪಾಸು ಬರಬೇಕು. ಮೊದಲ ಸಲ ಹೆಚ್ಚು, ಮೂರನೆಯ ಸಲ ಕಡಿಮೆ. ಅಷ್ಟು ಹೊತ್ತಿನಲ್ಲಿ ಬೆಳಕು ಎಷ್ಟು ಕಿ.ಮೀ. ಹೋಗಿರುತ್ತಿತ್ತು ಎಂದು ಲೆಕ್ಕ ಹಾಕಿ.

ನಡುವೆ ಒಬ್ಬ ಹುಡುಗನಿಗೆ ಗುಟ್ಟಾಗಿ “ಮೂರು ಎಣಿಸಿ ಆಮೇಲೆ ಹಿಸುಕು” ಎಂದು ಹೇಳಿ ಇನ್ನೊಮ್ಮೆ ಆಡಿ. ಒಟ್ಟು ಹೊತ್ತು ಎಷ್ಟಾಯಿತು? ಯಾರು ತಡ ಮಾಡಿದರೆಂದು ಉಳಿದವರು ಕಂಡುಹಿಡಿಯಬಲ್ಲರೇ?

ಹೊಳೆದಂಡೆಯ ಊರಿನ ಶಾಲೆಯವರು ಇನ್ನೊಂದು ಕೆಲಸ ಮಾಡಿ. ನಿಮ್ಮೂರಿನ ನಕ್ಷೆ ಬರೆಯಿರಿ. ಗ್ರಾಮ ಪಂಚಾಯಿತಿ, ಶಾಲೆ, ಹೊಳೆ, ಎತ್ತರದ ಜಾಗ, ಒಂದೊಂದು ತೋಟದ ಮನೆ ಎಲ್ಲವನ್ನೂ ಗುರುತಿಸಿ. ರಾತ್ರಿ ಎರಡು ಗಂಟೆಗೆ ವಿದ್ಯುತ್ತೂ ಇಲ್ಲ, ಫೋನೂ ಇಲ್ಲ ಎಂದುಕೊಂಡು, ಅತಿ ದೂರದ ತೋಟದ ಮನೆಗೆ ಸುದ್ದಿಯನ್ನು ಯಾರು ಒಯ್ಯುತ್ತಾರೆ, ಯಾವ ದಾರಿಯಲ್ಲಿ, ಎಷ್ಟು ನಿಮಿಷದಲ್ಲಿ ಎಂದು ಬರೆಯಿರಿ. ಹಗಲಿನಲ್ಲಿ ದೊಡ್ಡವರೊಬ್ಬರ ಜೊತೆ ಆ ದಾರಿ ನಡೆದು ನಿಮಿಷಗಳನ್ನು ಸರಿ ನೋಡಿ, ನಕ್ಷೆಯ ಒಂದು ಪ್ರತಿಯನ್ನು ಪಂಚಾಯಿತಿಗೆ ಕೊಟ್ಟು ಬನ್ನಿ.